ಪೀಠದಲ್ಲಿ ಕೂರುವವರು ಯಾರು, ಕೂರಿಸುವವರು ಯಾರು?

ಸುಪ್ರೀಂ ಕೋರ್ಟಿನ ಚರಿತ್ರೆ, ರಾಜಕಾರಣ ಮತ್ತು ವ್ಯವಹಾರದ ಬಗ್ಗೆ ಓದುಗರಿಂದ ಬಂದ ಪ್ರಶ್ನೆಗಳಲ್ಲಿ ಎಂಟನ್ನು ಆರಿಸಿ ಉತ್ತರಿಸಿದ್ದೇವೆ. ಒಂದೇ ಅರ್ಥದ ಪ್ರಶ್ನೆಗಳನ್ನು ಕೂಡಿಸಿಕೊಂಡಿದ್ದೇವೆ.

ಪ್ರಶ್ನೆ: 1950ಕ್ಕೆ ಮುಂಚೆ ಕೊನೆಯ ಕೋರ್ಟ್ ಯಾವುದಿತ್ತು? ಸುಪ್ರೀಂ ಕೋರ್ಟ್ ಶುರುವಾದಾಗ ಎಷ್ಟು ನ್ಯಾಯಮೂರ್ತಿಗಳಿದ್ದರು? (ತುಮಕೂರಿನ ಓದುಗರು)

ಬ್ರಿಟಿಷ್ ಇಂಡಿಯಾದ ಮಟ್ಟಿಗೆ ಕೊನೆಯ ಮಾತು ಲಂಡನ್ನಿನ ಪ್ರಿವಿ ಕೌನ್ಸಿಲಿನದು. 1935ರ ಭಾರತ ಸರ್ಕಾರ ಕಾಯ್ದೆಯಡಿ 1937ರ ಅಕ್ಟೋಬರ್ 1ರಂದು ದೆಹಲಿಯಲ್ಲಿ ಫೆಡರಲ್ ಕೋರ್ಟ್ ಶುರುವಾಯಿತಾದರೂ ಅದರ ತೀರ್ಪಿನ ಮೇಲೂ ಲಂಡನ್ನಿಗೆ ಹೋಗಲು ಅವಕಾಶವಿತ್ತು. ಆ ಬಾಗಿಲು ಮುಚ್ಚಿದ್ದು 1949ರ ಅಕ್ಟೋಬರಿನಲ್ಲಿ. 1950ರ ಜನವರಿ 28ರಂದು ಸಂಸತ್ ಭವನದ ಚೇಂಬರ್ ಆಫ್ ಪ್ರಿನ್ಸಸ್ ಸಭಾಂಗಣದಲ್ಲಿ ಸುಪ್ರೀಂ ಕೋರ್ಟಿನ ಉದ್ಘಾಟನೆ ಆಯಿತು. ಈಗಿನ ಕಟ್ಟಡಕ್ಕೆ ಹೋದದ್ದು 1958ರಲ್ಲಿ.

ಸಂವಿಧಾನ ಎಂಟು ಮಂದಿಗೆ ಅವಕಾಶ ಕೊಟ್ಟಿತ್ತು, ಮೊದಲ ದಿನ ಇದ್ದವರು ಮುಖ್ಯ ನ್ಯಾಯಮೂರ್ತಿ ಎಚ್.ಜೆ. ಕಾನಿಯಾ ಸೇರಿ ಆರೇ ಮಂದಿ. ಅದೇ ವರ್ಷ, ಮುಂಜಾಗ್ರತಾ ಬಂಧನದ ವಿರುದ್ಧ ಎ.ಕೆ. ಗೋಪಾಲನ್ ಹೂಡಿದ್ದ ಪ್ರಕರಣವನ್ನು ಆ ಆರೂ ಮಂದಿ ಒಟ್ಟಿಗೆ ಕೂತು ಕೇಳಿದರು. ಸಂಸತ್ತು ಸಂಖ್ಯೆಯನ್ನು ಏರಿಸುತ್ತಾ ಬಂತು: 1956ರಲ್ಲಿ 11, 1960ರಲ್ಲಿ 14, 1977ರಲ್ಲಿ 18, 1986ರಲ್ಲಿ 26, 2009ರಲ್ಲಿ 31, 2019ರಲ್ಲಿ 34.

ಇದು ಬರೀ ಲೆಕ್ಕದ ವಿಷಯ ಅಲ್ಲ. ಆರು ಮಂದಿ ಒಟ್ಟಿಗೆ ಕೂತರೆ ಒಂದು ಕೋರ್ಟು. ಮೂವತ್ತಕ್ಕೂ ಹೆಚ್ಚು ಮಂದಿ ಇಬ್ಬಿಬ್ಬರಾಗಿ, ಮೂವರಾಗಿ ಹಂಚಿಹೋದರೆ ಒಂದೇ ಸೂರಿನಡಿ ಹತ್ತಾರು ಪೀಠಗಳು. ಆಗ ಯಾವ ಕೇಸು ಯಾವ ಪೀಠದ ಮುಂದೆ ಬಂತು ಎಂಬುದೇ ಅರ್ಧ ತೀರ್ಪು. ಮುಂದಿನ ಉತ್ತರಗಳಲ್ಲಿ ಈ ಮಾತು ಮತ್ತೆ ಮತ್ತೆ ಬರುತ್ತದೆ.

ಪ್ರಶ್ನೆ: ಕೇಶವಾನಂದ ಭಾರತಿ ತೀರ್ಪನ್ನು ಎಲ್ಲರೂ ಹೊಗಳುತ್ತಾರೆ. ಎಡನೀರು ಸ್ವಾಮೀಜಿ ಆ ಕೇಸಿನಲ್ಲಿ ಗೆದ್ದರೋ ಸೋತರೋ? (ಪುತ್ತೂರಿನ ಓದುಗರು)

ಸ್ವಾಮೀಜಿ ಕೇಳಿದ್ದು ಸಿಗಲಿಲ್ಲ, ಕೇಳದೇ ಇದ್ದದ್ದು ದೇಶಕ್ಕೆ ಸಿಕ್ಕಿತು.

ಕೇಶವಾನಂದ ಭಾರತಿ ಸ್ವಾಮೀಜಿಯವರ, ಕಾಸರಗೋಡಿನ ಎಡನೀರು ಮಠದ ಆಸ್ತಿಗೆ ಕೇರಳದ ಭೂಸುಧಾರಣಾ ಕಾಯ್ದೆಯ ಬಿಸಿ ತಟ್ಟಿತ್ತು. 1970ರ ಮಾರ್ಚ್‌ನಲ್ಲಿ ಸ್ವಾಮೀಜಿ ಹಾಕಿದ ರಿಟ್ ಅರ್ಜಿಯ ಸಂಖ್ಯೆ 135. ಕೇಸು ಬಾಕಿ ಇರುವಾಗಲೇ ಸಂಸತ್ತು ತನ್ನ ತಿದ್ದುಪಡಿಯ ಅಧಿಕಾರವನ್ನು ಬಲಪಡಿಸಿ, ಆಸ್ತಿಯ ಹಕ್ಕನ್ನು ಕುಗ್ಗಿಸುವ 24, 25 ಮತ್ತು 29ನೇ ತಿದ್ದುಪಡಿಗಳನ್ನು ತಂದಿತು. ಅಷ್ಟು ಹೊತ್ತಿಗೆ ಮಠದ ಜಮೀನು ಹಿಂದೆ ಸರಿದು, ಸಂವಿಧಾನವನ್ನು ಸಂಸತ್ತು ಎಲ್ಲಿಯವರೆಗೆ ತಿದ್ದಬಹುದು ಎಂಬ ಪ್ರಶ್ನೆ ಮುಂದೆ ಬಂದಿತ್ತು.

ಹದಿಮೂರು ಮಂದಿಯ ಪೀಠ ಏಕೆ? 1967ರ ಗೋಲಕನಾಥ್ ತೀರ್ಪಿನಲ್ಲಿ 11 ಮಂದಿ ಕೂತು, 6–5ರ ಬಹುಮತದಲ್ಲಿ ಮೂಲಭೂತ ಹಕ್ಕುಗಳನ್ನು ಮೊಟಕುಗೊಳಿಸುವಂತಿಲ್ಲ ಎಂದಿದ್ದರು. ಅದನ್ನು ಮರಳಿ ನೋಡಬೇಕಾದರೆ ಅದಕ್ಕಿಂತ ದೊಡ್ಡ ಪೀಠ ಬೇಕು. 1972ರ ಅಕ್ಟೋಬರ್ 31ರಿಂದ 1973ರ ಮಾರ್ಚ್ 23ರವರೆಗೆ 68 ದಿನ ವಾದ ನಡೆಯಿತು. ಸ್ವಾಮೀಜಿ ಪರ ನಾನಿ ಪಾಲ್ಖಿವಾಲಾ ವಾದಿಸಿದರು.

ಏಪ್ರಿಲ್ 24ರಂದು ಬಂದದ್ದು ಒಂದು ತೀರ್ಪಲ್ಲ, ಹನ್ನೊಂದು. ಆರು ಮಂದಿ ತಿದ್ದುಪಡಿಗೆ ಮಿತಿ ಇದೆ ಎಂದರು, ಆರು ಮಂದಿ ಅಂಥ ಮಿತಿಯನ್ನು ಒಪ್ಪಲಿಲ್ಲ. ನಡುವೆ ನಿಂತವರು ಎಚ್.ಆರ್. ಖನ್ನಾ. ಮೂಲಭೂತ ಹಕ್ಕನ್ನೂ ತಿದ್ದಬಹುದು, ಆದರೆ ಸಂವಿಧಾನದ ಮೂಲ ಸ್ವರೂಪವನ್ನು ಹಾಳುಗೆಡವುವಂತಿಲ್ಲ ಎಂದರು. ಅವರ ಒಂದು ಮತದಿಂದ 7–6 ಆಯಿತು. ಇಷ್ಟು ತೀರ್ಪುಗಳ ಸಾರ ಏನೆಂದು ಹೇಳುವ ಒಂದು ಹಾಳೆಯ ಟಿಪ್ಪಣಿಗೆ ಒಂಬತ್ತು ಮಂದಿ ಸಹಿ ಹಾಕಿದರು, ನಾಲ್ವರು ಹಾಕಲಿಲ್ಲ. ನಾವು ಇವತ್ತು ‘ಕೇಶವಾನಂದ ಭಾರತಿ ತೀರ್ಪು’ ಎಂದು ಉಲ್ಲೇಖಿಸುವುದು ಬಹುಪಾಲು ಆ ಹಾಳೆಯನ್ನೇ.

24 ಮತ್ತು 29ನೇ ತಿದ್ದುಪಡಿಗಳು ಉಳಿದವು. 25ನೆಯದರಲ್ಲಿ ಒಂದು ತುಂಡು ಮಾತ್ರ ಬಿದ್ದಿತು. ಕೇರಳದ ಕಾಯ್ದೆಯ ಎದುರು ಮಠಕ್ಕೆ ಹೇಳಿಕೊಳ್ಳುವ ಪರಿಹಾರ ದಕ್ಕಲಿಲ್ಲ.

ಇನ್ನೊಂದು ಸಂಗತಿ ಅಷ್ಟಾಗಿ ಚರ್ಚೆಗೆ ಬರುವುದಿಲ್ಲ. ತುರ್ತು ಪರಿಸ್ಥಿತಿಯ ನಡುವೆ, 1975ರ ನವೆಂಬರಿನಲ್ಲಿ, ಈ ತೀರ್ಪನ್ನು ಮರುಪರಿಶೀಲಿಸಲು ಮುಖ್ಯ ನ್ಯಾಯಮೂರ್ತಿ ಎ.ಎನ್. ರೇ ಮತ್ತೆ 13 ಮಂದಿಯ ಪೀಠ ಕೂಡಿಸಿದರು. ಮರುಪರಿಶೀಲನೆ ಬೇಕೆಂದು ಅರ್ಜಿ ಹಾಕಿದವರು ಯಾರು ಎಂಬ ಪ್ರಶ್ನೆಗೆ ಸಮರ್ಪಕ ಉತ್ತರ ಸಿಗಲಿಲ್ಲ. ಎರಡು ದಿನ ವಾದ ನಡೆದ ಮೇಲೆ ನವೆಂಬರ್ 12ರಂದು ಪೀಠ ವಿಸರ್ಜನೆ ಆಯಿತು. 1980ರಲ್ಲಿ ಬೆಂಗಳೂರಿನ ಮಿನರ್ವ ಮಿಲ್ಸ್ ಪ್ರಕರಣ ಬಂದು ಮೂಲ ಸ್ವರೂಪದ ತತ್ವ ಗಟ್ಟಿಯಾಯಿತು. ಒಂದು ಮತದ ಅಂತರದಲ್ಲಿ ಹುಟ್ಟಿ, ಎರಡು ದಿನದ ಅಪಾಯ ದಾಟಿ ಉಳಿದ ತತ್ವ ಇದು.

ಪ್ರಶ್ನೆ: ಅತಿ ಹಿರಿಯರೇ ಮುಖ್ಯ ನ್ಯಾಯಮೂರ್ತಿ ಆಗಬೇಕೆಂದು ಸಂವಿಧಾನದಲ್ಲಿ ಇದೆಯೇ? ಕೆ.ಎಸ್. ಹೆಗ್ಡೆಯವರಿಗೆ ಆ ಹುದ್ದೆ ತಪ್ಪಿದ್ದು ಏಕೆ? (ಕಾರ್ಕಳದ ಓದುಗರು)

ಇಲ್ಲ. 124ನೇ ವಿಧಿ ನೇಮಕದ ಮಾತಾಡುತ್ತದೆ, ಹಿರಿತನದ ಮಾತಾಡುವುದಿಲ್ಲ. ಅದು ರೂಢಿ. ಹಿರಿತನವೊಂದೇ ಅಳತೆಯಾಗಬಾರದು ಎಂದು 1958ರಲ್ಲೇ ಕಾನೂನು ಆಯೋಗ ಹೇಳಿತ್ತು. 1973ರಲ್ಲಿ ಸರ್ಕಾರದ ಪರ ಲೋಕಸಭೆಯಲ್ಲಿ ಮಾತಾಡಿದ ಸಚಿವ ಮೋಹನ್ ಕುಮಾರಮಂಗಲಂ ಅದೇ ವರದಿಯನ್ನು ಎತ್ತಿ ಹಿಡಿದರು. ವರದಿ ಸರಿಯಾಗಿಯೇ ಇತ್ತು. ಅದರ ನೆನಪಾದ ಗಳಿಗೆ ಮಾತ್ರ ಸರ್ಕಾರಕ್ಕೆ ಬಹಳ ಅನುಕೂಲದ್ದಾಗಿತ್ತು.

ಕೇಶವಾನಂದ ತೀರ್ಪು ಏಪ್ರಿಲ್ 24ಕ್ಕೆ. 26ಕ್ಕೆ ಎ.ಎನ್. ರೇ ಮುಖ್ಯ ನ್ಯಾಯಮೂರ್ತಿಯಾಗಿ ಪ್ರಮಾಣ ಸ್ವೀಕರಿಸಿದರು. ಅವರಿಗಿಂತ ಹಿರಿಯರಾಗಿದ್ದ ಜೆ.ಎಂ. ಶೇಲತ್, ಕೆ.ಎಸ್. ಹೆಗ್ಡೆ, ಎ.ಎನ್. ಗ್ರೋವರ್ ಮೂವರೂ ರಾಜೀನಾಮೆ ಕೊಟ್ಟರು. ಮೂವರೂ ಕೇಶವಾನಂದ ಪ್ರಕರಣದಲ್ಲಿ ಸಂಸತ್ತಿಗೆ ಮಿತಿ ಇದೆ ಎಂದವರು. ರೇ ಅವರು ಮಿತಿ ಇಲ್ಲ ಎಂದವರು, 1970ರ ಬ್ಯಾಂಕ್ ರಾಷ್ಟ್ರೀಕರಣದ ಕೇಸಿನಲ್ಲೂ ಹನ್ನೊಂದು ಮಂದಿಯಲ್ಲಿ ಒಬ್ಬರೇ ಸರ್ಕಾರದ ಪರ ಬರೆದವರು. ಹೆಗ್ಡೆ ಮುಂದೆ 1977ರಲ್ಲಿ ಲೋಕಸಭೆಯ ಸ್ಪೀಕರ್ ಆದರು.

ಎರಡನೇ ಸಲ ಹೀಗಾದದ್ದು 1977ರ ಜನವರಿಯಲ್ಲಿ. ತುರ್ತು ಪರಿಸ್ಥಿತಿಯಲ್ಲಿ ಬಂಧನಕ್ಕೊಳಗಾದವರು ಕೋರ್ಟಿಗೆ ಹೋಗಬಹುದೇ ಎಂಬ ಎಡಿಎಂ ಜಬಲ್ಪುರ ಪ್ರಕರಣದಲ್ಲಿ, 1976ರ ಏಪ್ರಿಲ್ 28ರಂದು, ನಾಲ್ವರು ‘ಹೋಗುವಂತಿಲ್ಲ’ ಎಂದರು. ಭಿನ್ನಮತ ಬರೆದವರು ಖನ್ನಾ ಒಬ್ಬರೇ. ಅವರನ್ನು ದಾಟಿ ಎಂ.ಎಚ್. ಬೇಗ್ ನೇಮಕವಾದರು, ಖನ್ನಾ ರಾಜೀನಾಮೆ ಕೊಟ್ಟರು. ಆ ಐವರಲ್ಲಿ ರೇ ಆಗಲೇ ಮುಖ್ಯ ನ್ಯಾಯಮೂರ್ತಿ. ಬೇಗ್, ವೈ.ವಿ. ಚಂದ್ರಚೂಡ್, ಪಿ.ಎನ್. ಭಗವತಿ ಮುಂದೆ ಆದರು. ಆಗದೇ ಉಳಿದವರು ಖನ್ನಾ ಮಾತ್ರ. 2017ರಲ್ಲಿ ಕರ್ನಾಟಕ ಹೈಕೋರ್ಟಿನ ನಿವೃತ್ತ ನ್ಯಾಯಮೂರ್ತಿ ಕೆ.ಎಸ್. ಪುಟ್ಟಸ್ವಾಮಿ ಹೂಡಿದ್ದ ಖಾಸಗಿತನದ ಪ್ರಕರಣದಲ್ಲಿ ಜಬಲ್ಪುರ ತೀರ್ಪನ್ನು ಅಧಿಕೃತವಾಗಿ ತಳ್ಳಿಹಾಕಲಾಯಿತು. ಹಾಗೆ ಬರೆದವರು ವೈ.ವಿ. ಚಂದ್ರಚೂಡ್ ಅವರ ಮಗ ಡಿ.ವೈ. ಚಂದ್ರಚೂಡ್.

ಆ ಎರಡು ಪೆಟ್ಟಿನ ನಂತರ ಹಿರಿತನದ ರೂಢಿಯನ್ನು ಯಾರೂ ಮುಟ್ಟಿಲ್ಲ. ಅದಕ್ಕೂ ಬೆಲೆ ಇದೆ: ನಿವೃತ್ತಿ 65ಕ್ಕೆ ಆದ್ದರಿಂದ ಅವಧಿ ಎಷ್ಟೆಂಬುದು ಹುಟ್ಟಿದ ದಿನಾಂಕದ ಆಟ. ವೈ.ವಿ. ಚಂದ್ರಚೂಡ್ ಏಳು ವರ್ಷಕ್ಕೂ ಹೆಚ್ಚು ಕಾಲ ಇದ್ದರು. 1991ರಲ್ಲಿ ಕೆ.ಎನ್. ಸಿಂಗ್ ಮೂರು ವಾರವೂ ಇರಲಿಲ್ಲ. ಕರ್ನಾಟಕದ ಎಸ್. ರಾಜೇಂದ್ರ ಬಾಬು 2004ರಲ್ಲಿ ಇದ್ದದ್ದು ಒಂದು ತಿಂಗಳು.

ಹಿರಿತನ ಲೆಕ್ಕ ಹಾಕುವುದು ಸುಪ್ರೀಂ ಕೋರ್ಟಿನಲ್ಲಿ ಪ್ರಮಾಣ ಸ್ವೀಕರಿಸಿದ ದಿನದಿಂದ. ಒಂದೇ ದಿನವಾದರೆ ಪ್ರಮಾಣ ಸ್ವೀಕರಿಸಿದ ಸರದಿಯಿಂದ. 2021ರ ಆಗಸ್ಟ್ 31ರಂದು ಒಂಬತ್ತು ಮಂದಿ ಒಬ್ಬರ ಹಿಂದೊಬ್ಬರು ಪ್ರಮಾಣ ಸ್ವೀಕರಿಸಿದರು. ಅವರಲ್ಲಿ ಮೂವರ ಸರದಿ ನೋಡಿ: ವಿಕ್ರಮ್ ನಾಥ್, ಅವರ ನಂತರ ಬಿ.ವಿ. ನಾಗರತ್ನ, ಎಲ್ಲರಿಗಿಂತ ಕೊನೆಗೆ ಪಿ.ಎಸ್. ನರಸಿಂಹ. ರೂಢಿ ಮುರಿಯದಿದ್ದರೆ ಈ ಮೂವರೂ ಅದೇ ಸರದಿಯಲ್ಲಿ ಮುಖ್ಯ ನ್ಯಾಯಮೂರ್ತಿ ಆಗುತ್ತಾರೆ. 2027ರಲ್ಲಿ ನಾಗರತ್ನ ಅವರಿಗೆ ಸಿಗುವುದು ಸುಮಾರು ಐದು ವಾರ. ಆ ಹುದ್ದೆಗೇರುವ ಮೊದಲ ಮಹಿಳೆ ಅವರಾಗುತ್ತಾರೆ.

ಪ್ರಶ್ನೆ: ಕೊಲಿಜಿಯಂ ಎಂಬುದು ಯಾವ ಕಾನೂನಿನಲ್ಲಿದೆ? ಶಿಫಾರಸು ಮಾಡಿದ ಮೇಲೂ ಹೆಸರುಗಳು ತಿಂಗಳುಗಟ್ಟಲೆ ನಿಲ್ಲುವುದೇಕೆ? (ಧಾರವಾಡದ ಓದುಗರು)

ನೇಮಕಕ್ಕೆ ಹೆಸರು ಶಿಫಾರಸು ಮಾಡುವ ಹಿರಿಯ ನ್ಯಾಯಮೂರ್ತಿಗಳ ಈ ಕೂಟ ಯಾವ ಕಾಯ್ದೆಯಲ್ಲೂ ಇಲ್ಲ, ತೀರ್ಪುಗಳಲ್ಲಿದೆ. 1981ರ ಎಸ್.ಪಿ. ಗುಪ್ತಾ ಪ್ರಕರಣದಲ್ಲಿ ನೇಮಕದ ಕೊನೆಯ ಮಾತು ಸರ್ಕಾರದ್ದು ಎಂದ ಕೋರ್ಟು, 1993ರಲ್ಲಿ ಒಂಬತ್ತು ಮಂದಿಯ ಪೀಠದಲ್ಲಿ ಅದನ್ನು ತಿರುಗಿಸಿ ತನ್ನ ಕೈಗೆ ತೆಗೆದುಕೊಂಡಿತು. 1998ರಲ್ಲಿ ಸಂಖ್ಯೆಯೂ ನಿಗದಿ ಆಯಿತು: ಮುಖ್ಯ ನ್ಯಾಯಮೂರ್ತಿ ಮತ್ತು ನಾಲ್ವರು ಹಿರಿಯರು. ಸಂಸತ್ತು 99ನೇ ತಿದ್ದುಪಡಿಯಿಂದ ನ್ಯಾಯಾಂಗ ನೇಮಕಾತಿ ಆಯೋಗ ತಂದಿತು. 2015ರ ಅಕ್ಟೋಬರ್ 16ರಂದು ಕೋರ್ಟು ಅದನ್ನು 4–1ರಿಂದ ರದ್ದು ಮಾಡಿತು. ಒಪ್ಪದವರು ಜೆ. ಚೆಲಮೇಶ್ವರ್.

ಕಡತ ಸಾಗುವ ದಾರಿ ಹೀಗೆ. ಕೊಲಿಜಿಯಂ ನಿರ್ಣಯ ಕಾನೂನು ಸಚಿವರಿಗೆ, ಅಲ್ಲಿಂದ ಪ್ರಧಾನಿಗೆ, ಅಲ್ಲಿಂದ ರಾಷ್ಟ್ರಪತಿಗೆ. ಆಕ್ಷೇಪ ಇದ್ದರೆ ಸರ್ಕಾರ ಹಿಂದಕ್ಕೆ ಕಳಿಸಬಹುದು, ಕೊಲಿಜಿಯಂ ಅದೇ ಹೆಸರನ್ನು ಮತ್ತೆ ಕಳಿಸಿದರೆ ನೇಮಿಸಲೇಬೇಕು. ಹೈಕೋರ್ಟಿನ ನೇಮಕವಾದರೆ ದಾರಿ ಇನ್ನೂ ಉದ್ದ: ಅಲ್ಲಿನ ಮುಖ್ಯ ನ್ಯಾಯಮೂರ್ತಿ ಮತ್ತು ಇಬ್ಬರು ಹಿರಿಯರು ಹೆಸರು ಆರಿಸುತ್ತಾರೆ, ರಾಜ್ಯ ಸರ್ಕಾರ ಮತ್ತು ರಾಜ್ಯಪಾಲರ ಅಭಿಪ್ರಾಯ, ಗುಪ್ತಚರ ಇಲಾಖೆಯ ವರದಿ, ಆಮೇಲೆ ದೆಹಲಿಯ ಕೊಲಿಜಿಯಂ.

ಕೊರತೆ ಇರುವುದು ಒಂದು ಕಡೆ. ‘ನೇಮಿಸಲೇಬೇಕು’ ಎಂದವರು ‘ಇಂತಿಷ್ಟು ದಿನದೊಳಗೆ’ ಎಂಬುದನ್ನು ಬಿಗಿಯಾಗಿ ಕಟ್ಟಲಿಲ್ಲ. ಹೀಗಾಗಿ ಬೇಡ ಎನ್ನುವ ಅಧಿಕಾರ ಇಲ್ಲದ ಸರ್ಕಾರಕ್ಕೆ ಕಡತದ ಮೇಲೆ ಕೂರುವ ಅಧಿಕಾರ ಉಳಿದಿದೆ. ಎರಡನೇ ತಂತ್ರ, ಒಟ್ಟಿಗೆ ಬಂದ ಹೆಸರುಗಳನ್ನು ಬೇರ್ಪಡಿಸುವುದು. 2018ರ ಜನವರಿಯಲ್ಲಿ ಇಂದು ಮಲ್ಹೋತ್ರಾ ಮತ್ತು ಕೆ.ಎಂ. ಜೋಸೆಫ್ ಅವರ ಹೆಸರು ಒಟ್ಟಿಗೆ ಹೋದವು. ಮಲ್ಹೋತ್ರಾ ಏಪ್ರಿಲ್‌ನಲ್ಲಿ ನೇಮಕವಾದರು, ಜೋಸೆಫ್ ಹೆಸರು ವಾಪಸ್ ಬಂತು. ಕೊಲಿಜಿಯಂ ಮತ್ತೆ ಕಳಿಸಿತು. ಆಗಸ್ಟ್ 7ರಂದು ಇಂದಿರಾ ಬ್ಯಾನರ್ಜಿ, ವಿನೀತ್ ಸರಣ್ ಪ್ರಮಾಣ ಸ್ವೀಕರಿಸಿದ ನಂತರ ಮೂರನೆಯವರಾಗಿ ಜೋಸೆಫ್ ಅವರಿಗೆ ಸರದಿ ಬಂತು. ಜನವರಿಯ ಹೆಸರು ಜುಲೈನ ಹೆಸರುಗಳ ಹಿಂದೆ ನಿಂತಿತು. ಹಿಂದಿನ ಉತ್ತರದಲ್ಲಿ ಹೇಳಿದ ಸರದಿಯ ಲೆಕ್ಕ ಇಲ್ಲಿ ಕೂಡಿಸಿ ನೋಡಿ.

ಕೊಲಿಜಿಯಂ ಕೂಡ ಸಾಚಾ ಅಲ್ಲ. ಒಬ್ಬರನ್ನು ಏಕೆ ಆರಿಸಿದರು, ಇನ್ನೊಬ್ಬರನ್ನು ಏಕೆ ಬಿಟ್ಟರು ಎಂಬುದು ಹೊರಗಿನವರಿಗೆ ತಿಳಿಯುವುದು ಅಪರೂಪ. 2017ರಿಂದ ನಿರ್ಣಯಗಳು ಜಾಲತಾಣಕ್ಕೆ ಬರುತ್ತಿವೆ, ಕಾರಣಗಳು ಕೆಲವೊಮ್ಮೆ ಮಾತ್ರ.

ಪ್ರಶ್ನೆ: ‘ಮಾಸ್ಟರ್ ಆಫ್ ದಿ ರೋಸ್ಟರ್’ ಎಂದರೇನು? 2018ರಲ್ಲಿ ನಾಲ್ವರು ನ್ಯಾಯಮೂರ್ತಿಗಳು ಪತ್ರಿಕಾಗೋಷ್ಠಿ ಮಾಡಿದ್ದು ಇದಕ್ಕೇನಾ? (ಮೈಸೂರಿನ ಓದುಗರು)

ಹೌದು. ಯಾವ ಕೇಸನ್ನು ಯಾವ ಪೀಠ ಕೇಳಬೇಕು, ಪೀಠದಲ್ಲಿ ಯಾರಿರಬೇಕು ಎಂದು ಹಂಚುವವರು ಮುಖ್ಯ ನ್ಯಾಯಮೂರ್ತಿ. ತೀರ್ಪು ಬರೆಯುವಾಗ ಅವರ ಮತವೂ ಒಂದೇ, ಹಂಚುವಾಗ ಮಾತ್ರ ಅವರೊಬ್ಬರೇ. 2018ರ ಜನವರಿ 12ರಂದು ಚೆಲಮೇಶ್ವರ್, ರಂಜನ್ ಗೊಗೊಯ್, ಮದನ್ ಲೋಕೂರ್, ಕುರಿಯನ್ ಜೋಸೆಫ್ ಹುಲ್ಲುಹಾಸಿನ ಮೇಲೆ ಕೂತು, ಮಹತ್ವದ ಕೇಸುಗಳು ಆಯ್ದ ಪೀಠಗಳಿಗೆ ಹೋಗುತ್ತಿವೆ ಎಂದು ದೂರಿದರು. ಅದೇ ವರ್ಷದ ಜುಲೈನಲ್ಲಿ ಹಿರಿಯ ವಕೀಲ ಶಾಂತಿ ಭೂಷಣ್ ಅರ್ಜಿಯ ತೀರ್ಪು ಬಂತು: ಹಂಚಿಕೆಯ ಅಧಿಕಾರ ಮುಖ್ಯ ನ್ಯಾಯಮೂರ್ತಿಯದೇ, ಕೊಲಿಜಿಯಂನದಲ್ಲ. ನೇಮಕಕ್ಕೆ ಐವರು ಕೂಡಿ ಕೂರಬೇಕು, ಹಂಚಿಕೆಗೆ ಒಬ್ಬರು ಸಾಕು ಎಂಬುದು ನಮಗೆ ಈಗಲೂ ಒಪ್ಪಿಗೆಯಾಗದ ವಾದ. ದೂರಿದ ನಾಲ್ವರಲ್ಲಿ ಗೊಗೊಯ್ ಅದೇ ಅಕ್ಟೋಬರಿನಲ್ಲಿ ಮುಖ್ಯ ನ್ಯಾಯಮೂರ್ತಿ ಆದರು. ವ್ಯವಸ್ಥೆ ಬದಲಾಗಲಿಲ್ಲ.

ಪ್ರಶ್ನೆ: ಜಮೀನಿನ ದಾವೆಯಲ್ಲಿ ಹೈಕೋರ್ಟಿನ ಎರಡನೇ ಮೇಲ್ಮನವಿಯೂ ವಜಾ ಆಗಿದೆ. ಸುಪ್ರೀಂ ಕೋರ್ಟಿಗೆ ಹೋಗಬಹುದೇ? ಏನೇನು ಬೇಕು? (ಹಾವೇರಿ ಜಿಲ್ಲೆಯ ಓದುಗರು)

ಹೋಗಬಹುದು, ಆದರೆ ಹಕ್ಕಿನಿಂದಲ್ಲ. 136ನೇ ವಿಧಿಯಡಿ ಮೇಲ್ಮನವಿಗೆ ಅನುಮತಿ ಕೇಳುವ ಅರ್ಜಿ ಅದು, ರೂಢಿಯಲ್ಲಿ ಎಸ್‌ಎಲ್‌ಪಿ (ಸ್ಪೆಷಲ್ ಲೀವ್ ಪಿಟಿಷನ್). ಕೋರ್ಟು ಕಾರಣ ಕೊಡದೆಯೂ ತಳ್ಳಿಹಾಕಬಹುದು, ಹೆಚ್ಚಿನವು ಹಾಗೇ ಹೋಗುತ್ತವೆ. ಮೂರು ಕೋರ್ಟುಗಳು ಸಾಕ್ಷ್ಯ ನೋಡಿ ಒಂದೇ ಮಾತು ಹೇಳಿದ್ದರೆ ‘ಸಾಕ್ಷಿ ಸುಳ್ಳು ಹೇಳಿದ’ ಎಂಬ ವಾದ ಅಲ್ಲಿ ನಡೆಯುವುದಿಲ್ಲ. ಕಾನೂನಿನ ಪ್ರಶ್ನೆ ಏನಿದೆ ಎಂಬುದನ್ನು ಎರಡು ಸಾಲಿನಲ್ಲಿ ಹೇಳಲು ನಿಮ್ಮ ವಕೀಲರಿಗೆ ಆಗುತ್ತದೆಯೇ ಎಂದು ಮೊದಲು ಕೇಳಿ. ಆಗದಿದ್ದರೆ ದುಡ್ಡು ಉಳಿಸಿಕೊಳ್ಳಿ.

ಗಡುವು ಹೈಕೋರ್ಟಿನ ತೀರ್ಪಿನ ದಿನದಿಂದ 90 ದಿನ. ಪ್ರಮಾಣೀಕೃತ ಪ್ರತಿ ಪಡೆಯಲು ಹಿಡಿದ ಸಮಯ ಲೆಕ್ಕದಿಂದ ಹೊರಗೆ, ಆದ್ದರಿಂದ ಪ್ರತಿಗೆ ಅವತ್ತೇ ಅರ್ಜಿ ಹಾಕಿ. ಗಡುವು ದಾಟಿದರೆ ವಿಳಂಬ ಮನ್ನಿಸುವ ಅರ್ಜಿ ಜೊತೆಗಿರಬೇಕು, ಅದರಲ್ಲಿ ತಡವಾದದ್ದಕ್ಕೆ ದಿನಾಂಕ ಸಹಿತ ವಿವರಣೆ ಬೇಕು. ‘ಹುಷಾರಿರಲಿಲ್ಲ’ ಎಂಬ ಒಂದು ಸಾಲು ಸಾಲದು.

ನಿಮ್ಮೂರಿನ ವಕೀಲರು ವಾದಕ್ಕೆ ನಿಲ್ಲಬಹುದು, ಆದರೆ ಅರ್ಜಿ ದಾಖಲಿಸುವುದು ಅಡ್ವೊಕೇಟ್ ಆನ್ ರೆಕಾರ್ಡ್ ಮೂಲಕವೇ. ಇವರು ಸುಪ್ರೀಂ ಕೋರ್ಟು ನಡೆಸುವ ಪರೀಕ್ಷೆ ಪಾಸಾದವರು, ಪಟ್ಟಿ ಕೋರ್ಟಿನ ಜಾಲತಾಣದಲ್ಲಿದೆ. ವಕಾಲತ್ತು, ಪ್ರಮಾಣಪತ್ರ, ಹೈಕೋರ್ಟ್ ತೀರ್ಪಿನ ಪ್ರಮಾಣೀಕೃತ ಪ್ರತಿ, ಕೆಳಗಿನ ಎರಡು ಕೋರ್ಟುಗಳ ತೀರ್ಪು, ದಾವೆಪತ್ರ, ಲಿಖಿತ ಹೇಳಿಕೆ, ದಿನಾಂಕಗಳ ಪಟ್ಟಿ ಇಷ್ಟನ್ನು ಜೋಡಿಸಿಕೊಳ್ಳಿ.

ನಮ್ಮ ಕಡೆಯ ಕೇಸುಗಳು ಎಡವುವುದು ಭಾಷಾಂತರದಲ್ಲಿ. ತಾಲ್ಲೂಕು ಕೋರ್ಟಿನ ಕಾಗದ, ಪಹಣಿ, ಮ್ಯುಟೇಶನ್, ಕ್ರಯಪತ್ರ ಎಲ್ಲ ಕನ್ನಡದಲ್ಲಿರುತ್ತವೆ, ಸುಪ್ರೀಂ ಕೋರ್ಟಿಗೆ ಇಂಗ್ಲಿಷ್ ಅನುವಾದವಿಲ್ಲದ ಕಾಗದ ನಡೆಯುವುದಿಲ್ಲ. ‘ಬಾಬತ್ತು’, ‘ಖರಾಬು’, ‘ಹಿಸ್ಸಾ’ ಮುಂತಾದುವನ್ನು ಕಂದಾಯದ ಭಾಷೆ ಗೊತ್ತಿಲ್ಲದವರ ಕೈಗೆ ಕೊಟ್ಟರೆ ನಿಮ್ಮ ಹಕ್ಕಿನ ಅರ್ಥವೇ ಬದಲಾಗುತ್ತದೆ. ಅನುವಾದವನ್ನು ಊರಿನ ವಕೀಲರೇ ಒಮ್ಮೆ ಓದಲಿ.

ಸಲ್ಲಿಸಿದ ಮೇಲೆ ಡೈರಿ ಸಂಖ್ಯೆ ಸಿಗುತ್ತದೆ. ಅದು ಕೇಸಿನ ಸಂಖ್ಯೆಯಲ್ಲ. ಕೋರ್ಟಿನ ಕಚೇರಿ (ರಿಜಿಸ್ಟ್ರಿ) ಲೋಪಗಳ ಪಟ್ಟಿ ಕೊಡುತ್ತದೆ, ಸರಿಪಡಿಸಲು ಒಟ್ಟು 28 ದಿನ. ಅದನ್ನು ಸರಿಪಡಿಸದೆ ಬಿಟ್ಟ ಅರ್ಜಿ ಪೀಠದ ಮುಂದೆ ಬರುವುದೇ ಇಲ್ಲ, ಆದರೆ ಊರಿನಲ್ಲಿ ‘ಸುಪ್ರೀಂ ಕೋರ್ಟಿಗೆ ಹಾಕಿದ್ದೇವೆ’ ಎಂದುಕೊಂಡು ಕೂತವರಿರುತ್ತಾರೆ. ಇನ್ನೊಂದು ತಪ್ಪು ತಿಳಿವಳಿಕೆ: ಅರ್ಜಿ ಹಾಕಿದರೆ ತಡೆಯಾಜ್ಞೆ ಬಂದಂತೆ ಎಂಬುದು. ತಡೆಯಾಜ್ಞೆಯನ್ನು ಬೇರೆ ಕೇಳಬೇಕು, ಕೋರ್ಟು ಕೊಡಬೇಕು. ಅಲ್ಲಿಯವರೆಗೆ ಎದುರು ಪಕ್ಷದವರು ಡಿಕ್ರಿ ಜಾರಿಗೆ ಹೋಗಬಹುದು.

ಅನುಮತಿ ಹಂತದಲ್ಲೇ ಕಾರಣವಿಲ್ಲದೆ ವಜಾ ಆದರೆ ಹೈಕೋರ್ಟಿನ ತೀರ್ಪು ಸುಪ್ರೀಂ ಕೋರ್ಟಿನ ತೀರ್ಪಿನಲ್ಲಿ ವಿಲೀನ ಆಗುವುದಿಲ್ಲ. 2000ದ ಕುನ್ಹಯಮ್ಮದ್ ಪ್ರಕರಣದಲ್ಲಿ ಹೇಳಿದ ಈ ಮಾತನ್ನು 2019ರಲ್ಲಿ ಖೋಡೆ ಡಿಸ್ಟಿಲರೀಸ್ ಮತ್ತು ಶ್ರೀ ಮಹದೇಶ್ವರ ಸಹಕಾರ ಸಕ್ಕರೆ ಕಾರ್ಖಾನೆ ನಡುವಿನ ಕೇಸಿನಲ್ಲಿ ಮತ್ತೆ ಖಚಿತಪಡಿಸಿದರು. ಹಾಗಾಗಿ ಹೈಕೋರ್ಟಿನಲ್ಲೇ ಮರುಪರಿಶೀಲನೆ ಕೇಳುವ ದಾರಿ ಉಳಿದಿರುತ್ತದೆ, ಗಟ್ಟಿ ಕಾರಣ ಇದ್ದರೆ. ಸುಪ್ರೀಂ ಕೋರ್ಟಿನಲ್ಲೇ ಮರುಪರಿಶೀಲನೆ ಕೇಳುವುದಾದರೆ 30 ದಿನ ಗಡುವು. ಅದನ್ನು ಸಾಮಾನ್ಯವಾಗಿ ವಕೀಲರ ವಾದವಿಲ್ಲದೆ ಕೊಠಡಿಯಲ್ಲೇ ನೋಡಿ ಮುಗಿಸುತ್ತಾರೆ. 2002ರ ರೂಪಾ ಅಶೋಕ್ ಹುರ್ರಾ ತೀರ್ಪಿನಿಂದ ಬಂದ ಕ್ಯುರೇಟಿವ್ ಅರ್ಜಿ, ಮರುಪರಿಶೀಲನೆಯೂ ವಜಾ ಆದ ನಂತರದ ಕೊನೆಯ ದಾರಿ, ಹಿರಿಯ ವಕೀಲರ ಪ್ರಮಾಣೀಕರಣ ಬೇಕು. ಜಮೀನು ದಾವೆಯಲ್ಲಿ ಅದರ ಮೇಲೆ ಆಸೆ ಇಡಬೇಡಿ.

ಖರ್ಚು ಭಾರವಾದರೆ ಸುಪ್ರೀಂ ಕೋರ್ಟ್ ಕಾನೂನು ಸೇವಾ ಸಮಿತಿಗೆ ಬರೆಯಿರಿ. ವಾರ್ಷಿಕ ಆದಾಯ 5 ಲಕ್ಷ ರೂಪಾಯಿಗಿಂತ ಕಡಿಮೆ ಇದ್ದವರಿಗೆ ಉಚಿತ ವಕೀಲರು ಸಿಗುತ್ತಾರೆ. ಮಹಿಳೆಯರು, ಪರಿಶಿಷ್ಟ ಜಾತಿ ಮತ್ತು ಪಂಗಡದವರು, ಅಂಗವಿಕಲರು ಮೊದಲಾದವರಿಗೆ ಆದಾಯದ ಮಿತಿಯೇ ಇಲ್ಲ.

ಪ್ರಶ್ನೆ: ಬೊಮ್ಮಾಯಿ ತೀರ್ಪಿನಿಂದ ಬೊಮ್ಮಾಯಿಯವರಿಗೆ ಏನು ಸಿಕ್ಕಿತು? (ಹುಬ್ಬಳ್ಳಿಯ ಓದುಗರು)

ಕುರ್ಚಿ ಸಿಗಲಿಲ್ಲ. ಸದನದಲ್ಲಿ ಬಹುಮತ ತೋರಿಸುತ್ತೇನೆಂದರೂ ರಾಜ್ಯಪಾಲರು ಒಪ್ಪದೆ ವರದಿ ಕಳಿಸಿ, 1989ರ ಏಪ್ರಿಲ್ 21ರಂದು ಎಸ್.ಆರ್. ಬೊಮ್ಮಾಯಿ ಸರ್ಕಾರ ವಜಾ ಆಯಿತು. ಕರ್ನಾಟಕ ಹೈಕೋರ್ಟ್ ಅವರ ಅರ್ಜಿಯನ್ನು ತಳ್ಳಿಹಾಕಿತು. ಒಂಬತ್ತು ಮಂದಿಯ ಪೀಠ ಆ ವಜಾ ತಪ್ಪು ಎಂದದ್ದು 1994ರ ಮಾರ್ಚ್ 11ರಂದು. ಅಷ್ಟರಲ್ಲಿ ಚುನಾವಣೆ ನಡೆದು ಬೇರೆ ಸರ್ಕಾರ ಬಂದು ವರ್ಷಗಳಾಗಿದ್ದವು. ಆದರೆ ಬಹುಮತದ ಪರೀಕ್ಷೆ ರಾಜಭವನದಲ್ಲಲ್ಲ, ಸದನದಲ್ಲಿ ಎಂಬ ನಿಯಮ ಉಳಿಯಿತು. 2018ರ ಮೇನಲ್ಲಿ ಕರ್ನಾಟಕಕ್ಕೇ ಅದು ತಿರುಗಿ ಬಂತು: ರಾಜ್ಯಪಾಲರು ಕೊಟ್ಟ ಹದಿನೈದು ದಿನವನ್ನು ಮೊಟಕುಗೊಳಿಸಿ ಮೇ 19ರ ಸಂಜೆ 4ಕ್ಕೆ ವಿಶ್ವಾಸಮತ ಎಂದು ಕೋರ್ಟು ಆದೇಶಿಸಿತು, ಮತಕ್ಕೆ ಮುನ್ನವೇ ಯಡಿಯೂರಪ್ಪ ರಾಜೀನಾಮೆ ಕೊಟ್ಟರು.

ಪ್ರಶ್ನೆ: ತೀರ್ಪುಗಳು ಕನ್ನಡದಲ್ಲಿ ಸಿಗುತ್ತವೆಯೇ? ವಾದ ಮನೆಯಲ್ಲೇ ನೋಡಬಹುದೇ? (ಶಿವಮೊಗ್ಗದ ಓದುಗರು)

ಆಯ್ದ ತೀರ್ಪುಗಳ ಕನ್ನಡ ಅನುವಾದ ಕೋರ್ಟಿನ ಇ-ಎಸ್‌ಸಿಆರ್ ತಾಣದಲ್ಲಿ ಉಚಿತ. ಓದಿ ತಿಳಿಯಲು ಸಾಕು. ಕೋರ್ಟಿಗೆ ಹಾಜರುಪಡಿಸಲು ಇಂಗ್ಲಿಷ್ ಮೂಲವೇ ಬೇಕು, ಎರಡರ ನಡುವೆ ವ್ಯತ್ಯಾಸ ಕಂಡರೆ ಇಂಗ್ಲಿಷೇ ಅಂತಿಮ. ಸಂವಿಧಾನ ಪೀಠದ ಕಲಾಪಗಳು 2022ರ ಸೆಪ್ಟೆಂಬರ್ 27ರಿಂದ ನೇರ ಪ್ರಸಾರ ಆಗುತ್ತಿವೆ. ನಿಮ್ಮದೇ ಕೇಸಿನ ಸ್ಥಿತಿ ನೋಡಲು ಡೈರಿ ಸಂಖ್ಯೆ ಮತ್ತು ವರ್ಷ ಸಾಕು, ಅದಕ್ಕಾಗಿ ಯಾರಿಗೂ ದುಡ್ಡು ಕೊಡಬೇಕಿಲ್ಲ.